ಉಪ್ಪು ನೋಡುವ ಮೇಷ್ಟ್ರು

ಜನವರಿ ೬, ಮಂಗಳವಾರ

ನಿನ್ನೆ ಆಸ್ಪತ್ರೆಯಿಂದ ಬಿಟ್ಟರು. ದಿನಾ ಬೆಳಿಗ್ಗೆ ಕಾಫಿಗೆ ಮುಂಚೆ ತೂಕ ನೋಡಿ ಬರೆದಿಡಿ ಎಂದು ಡಾಕ್ಟರ್ ಲುಬ್ನಾ ಈ ಡೈರಿ ಕೊಟ್ಟಿದ್ದಾಳೆ. ಯಾವುದೋ ಔಷಧ ಕಂಪನಿಯದು. ಪುಟಪುಟಕ್ಕೂ ಒಂದು ಕೆಂಪು ಹೃದಯ ಹಲ್ಲು ಕಿರಿಯುತ್ತಾ ಕೂತಿದೆ. ತೂಕವನ್ನು ನನ್ನ ಹೆಂಡತಿ ರಾಧಾಮಣಿ ಅಡುಗೆಮನೆಯ ಕ್ಯಾಲೆಂಡರಿನಲ್ಲೇ ಬರೆದುಕೊಳ್ಳುತ್ತಾಳಂತೆ, ನನ್ನ ಮೇಲೆ ನಂಬಿಕೆಯಿಲ್ಲ. ಹಾಗಾಗಿ ಡೈರಿ ನನ್ನ ಪಾಲಿಗೆ ಉಳಿಯಿತು. ಈ ಮನೆಯಲ್ಲಿ ನನ್ನ ಮಾತು ನಡೆಯುವ ಜಾಗ ಇನ್ನು ಇದೊಂದೇ.

ಲುಬ್ನಾ ನಮ್ಮ ಅಬ್ಬಿಗೆರೆ ಹೈಸ್ಕೂಲಿನ ಹುಡುಗಿ. ನಾನು ಅಲ್ಲಿ ಡ್ರಿಲ್ ಮೇಷ್ಟ್ರಾಗಿದ್ದಾಗ ಪ್ರಾರ್ಥನೆಗೆ ತಡವಾಗಿ ಬಂದು ನನ್ನಿಂದ ಮೈದಾನ ಸುತ್ತಿಸಿಕೊಂಡವಳು. ಈಗ ನಾನು ನಾಲ್ಕು ಮೆಟ್ಟಿಲು ಹತ್ತಿ ಏದುಸಿರು ಬಿಡುವುದನ್ನು ಕೈಕಟ್ಟಿ ನಿಂತು ನೋಡುತ್ತಾಳೆ. ನನ್ನ ಹೃದಯ ಮೂವತ್ತು ಪರ್ಸೆಂಟ್ ಮಾತ್ರ ಪಂಪು ಮಾಡುತ್ತಿದೆಯಂತೆ. ಮೂವತ್ತೈದಕ್ಕೆ ಪಾಸು, ಐದು ಗ್ರೇಸ್ ಮಾರ್ಕ್ಸ್ ಹಾಕಿಬಿಡಮ್ಮ ಎಂದೆ. ಗ್ರೇಸ್ ಮಾರ್ಕ್ಸ್ ಎಲ್ಲಾ ಮಾತ್ರೆಯೊಳಗಿದೆ ಸರ್, ಬಿಡದೆ ನುಂಗಿದರೆ ಸಿಗುತ್ತದೆ ಎಂದಳು.

ಹೃದಯಕ್ಕೆ ಶಕ್ತಿ ಸಾಲದೆ ಕಾಲಿಗೂ ಶ್ವಾಸಕೋಶಕ್ಕೂ ನೀರು ತುಂಬಿಕೊಳ್ಳುತ್ತದೆ, ಆ ನೀರನ್ನು ಹಿಡಿದು ಕೂರಿಸುವುದೇ ಉಪ್ಪು ಎಂದು ಬಿಡಿಸಿ ಹೇಳಿದಳು. ಹೀಗೆ ಆಸ್ಪತ್ರೆ ಸೇರಿದ ಪ್ರತಿ ಸಲವೂ ಹೃದಯ ಇನ್ನಷ್ಟು ಸೋತು ಮನೆಗೆ ಹೋಗುತ್ತದೆ, ಎಷ್ಟು ಸಲ ಮನೆಗೆ ಹೋಗುತ್ತದೆ ಎಂದು ನಾನು ಹೇಳಲಾರೆ ಎಂದಳು. ಆಮೇಲೆ ರಾಧಾಮಣಿಯ ಕಡೆ ತಿರುಗಿ, ಇವತ್ತಿನಿಂದ ಅಡುಗೆಗೆ ಉಪ್ಪು ಹೆಸರಿಗಷ್ಟೇ, ಉಪ್ಪಿನಕಾಯಿ, ಹಪ್ಪಳ, ಸಂಡಿಗೆ ಬಂದ್, ನೀರು ಕೂಡ ಅಳೆದು ಕೊಡಿ ಎಂದಳು.

ಉಪ್ಪು ಬಿಡಬೇಕಾದವನು ನಾನು. ಇಡೀ ಅಬ್ಬಿಗೆರೆ ಉಪ್ಪು ನೋಡುವ ಮೇಷ್ಟ್ರು ಎಂದು ಕರೆಯುವ ಅಶ್ವತ್ಥಪ್ಪ.

ಆರ್.ಟಿ. ನಗರದ ಖುದ್ದೂಸ್ ನಮ್ಮ ಕಡೆಯ ಬೀಗರೂಟಗಳಿಗೆಲ್ಲ ಬಿರಿಯಾನಿ, ಮಟನ್ ಸಾರು ಮಾಡುವವನು. ಊಟ ರಂಜಾನ್ ತಿಂಗಳಲ್ಲಿ ಬಿದ್ದರೆ ಅವನಿಗೂ ಉಪವಾಸ, ಅವನ ಕೈಯಾಳುಗಳಿಗೂ ಉಪವಾಸ. ಬಾಯಿಗೆ ಹನಿ ನೀರು ಹಾಕದವರು ಹಂಡೆಯ ಉಪ್ಪು ನೋಡುವುದು ಹೇಗೆ? ಅದಕ್ಕೇ ಪ್ರತಿ ರಂಜಾನಿನಲ್ಲೂ ಅವನ ಹಂಡೆಗೆ ನನ್ನ ನಾಲಿಗೆ. ನಾನು ತಲೆಯಾಡಿಸಿದರೆ ಮುಚ್ಚಳ ಮುಚ್ಚುತ್ತಾನೆ. ನನ್ನ ತಮ್ಮ ಯೋಗಾನಂದನ ಮಗಳು ವನಿತಾಳ ಮದುವೆ ಮಾರ್ಚ್ ಎಂಟಕ್ಕೆ, ಒಂಬತ್ತಕ್ಕೆ ಬೀಗರೂಟ, ಸರಿಯಾಗಿ ರಂಜಾನಿನ ನಡುವೆ. ಮೇಷ್ಟ್ರು ಇದ್ದರೆ ಮಾತ್ರ ಒಪ್ಪಿಕೊಳ್ಳುತ್ತೇನೆ ಎಂದು ಖುದ್ದೂಸ್ ಆಗಲೇ ಹೇಳಿದ್ದಾನೆ. ಅಷ್ಟರೊಳಗೆ ನಾನು ಎದ್ದು ನಿಲ್ಲಬೇಕು. ಹೃದಯ ಜೊತೆಗೆ ಬಂದರೆ ಸಂತೋಷ.

ಜನವರಿ ೮, ಗುರುವಾರ

ಯೋಗಾನಂದ ನೆಂಟರಿಗೆಲ್ಲ ಫೋನ್ ಮಾಡಿ ಅಣ್ಣನಿಗೆ ಹಾರ್ಟ್ ಫೇಲ್ ಆಗಿದೆ ಎಂದಿದ್ದಾನೆ. ಡಾಕ್ಟರು ಹೇಳಿದ್ದನ್ನೇ ಹೇಳಿದೆ ಎಂದು ವಾದಿಸುತ್ತಾನೆ. ಬೆಳಿಗ್ಗೆ ದೊಡ್ಡಬಳ್ಳಾಪುರದಿಂದ ಒಂದು ಟೆಂಪೋ ಬಂದು ನಿಂತಿತು. ಅತ್ತಿಗೆ ವರಸೆಯ ಸುಬ್ಬಮ್ಮ ಗೇಟಿನಿಂದಲೇ ರಾಗ ಎಳೆದು ಅಳುತ್ತಾ ಬಂದಳು. ನಾನು ಬಾಗಿಲ ಬಳಿ ಪೇಪರು ಓದುತ್ತಾ ಕೂತಿದ್ದೆ. ನನ್ನನ್ನು ದಾಟಿಕೊಂಡು ಒಳಗೆ ಹೋಗಿ ರಾಧಾಮಣಿಯನ್ನು ತಬ್ಬಿಕೊಂಡು, ಎಂಥಾ ಮನುಷ್ಯ, ಎಂಥಾ ಮನುಷ್ಯ ಎಂದು ಅತ್ತಳು. ರಾಧಾಮಣಿ ಎಷ್ಟು ಹೇಳಿದರೂ ಕೇಳಲಿಲ್ಲ. ಕೊನೆಗೆ ನಾನೇ ಹೋಗಿ ಎದುರಿಗೆ ನಿಂತೆ. ನನ್ನನ್ನು ನೋಡಿ ಅವಳಿಗೆ ಸಂತೋಷವಾಗಬೇಕಿತ್ತು, ಆದರೆ ಮೋಸ ಹೋದವಳಂತೆ ಮುಖ ಸಿಂಡರಿಸಿದಳು.

ತಂದಿದ್ದ ಹಾರವನ್ನು ಏನು ಮಾಡುವುದೆಂದು ಯಾರಿಗೂ ತಿಳಿಯಲಿಲ್ಲ. ಬೀದಿಯ ಹಸು ತಿಂದಿತು. ಬಂದವರಿಗೆಲ್ಲ ಊಟವಾಯಿತು, ಅವರಿಗೆ ಉಪ್ಪು ಹಾಕಿದ ಸಾರು, ನನಗೆ ಸಪ್ಪೆ ಸಾರು. ಸತ್ತಿದ್ದರೇ ವಾಸಿಯಿತ್ತು, ಹನ್ನೊಂದನೇ ದಿನ ಎಡೆಗಾದರೂ ಉಪ್ಪು ಹಾಕುತ್ತಿದ್ದರು.

ಜನವರಿ ೧೧, ಭಾನುವಾರ

ಸಪ್ಪೆ ಸಾರು ಎಂದರೆ ಸುಣ್ಣದ ನೀರು. ಸಪ್ಪೆ ಪಲ್ಯ ಎಂದರೆ ಒದ್ದೆ ಹುಲ್ಲು. ಮಾತ್ರೆಗಳೇ ಎಷ್ಟೋ ರುಚಿ.

ಆ ಮಾತ್ರೆಗಳ ಬೆಲೆಯೋ, ಜನೌಷಧಿ ಅಂಗಡಿಯಲ್ಲಿ ಸಿಗುವುದನ್ನು ಅಲ್ಲಿಯೇ ತಂದರೂ ಪಿಂಚಣಿ ಏದುಸಿರು ಬಿಡುತ್ತಿದೆ. ನೀರು ಇಳಿಸುವ ಮಾತ್ರೆ ನುಂಗಿದರೆ ಬೆಳಗೆಲ್ಲ ಬಚ್ಚಲಿಗೂ ಕುರ್ಚಿಗೂ ಓಡಾಟ. ಸರ್ವಿಸಿನಲ್ಲಿ ಇಷ್ಟು ಡ್ರಿಲ್ ಮಾಡಿರಲಿಲ್ಲ.

ಯೋಗಾನಂದ ಹೃದಯಕ್ಕೆ ಒಳ್ಳೆಯದು ಎಂದು ಬರೆದಿದ್ದ ಯಾವುದೋ ಉಪ್ಪಿನ ಪ್ಯಾಕೆಟ್ ತಂದುಕೊಟ್ಟ. ಕುಣಿಯುವಷ್ಟು ಸಂತೋಷವಾಯಿತು. ರಾಧಾಮಣಿ ಲುಬ್ನಾಗೆ ಫೋನ್ ಮಾಡಿದಳು. ಅದರಲ್ಲಿ ಪೊಟ್ಯಾಸಿಯಂ ಇರುತ್ತದೆ, ಈ ಮಾತ್ರೆಗಳ ಜೊತೆ ಸೇರಿದರೆ ಮೈಯಲ್ಲಿ ಅದು ಏರಿ ಹೃದಯವೇ ನಿಂತುಹೋಗಬಹುದು ಎಂದಳಂತೆ. ಪ್ಯಾಕೆಟ್ ಕಸದ ಬುಟ್ಟಿಗೆ ಹೋಯಿತು. ತಂದವನನ್ನೂ ಹಾಕಬೇಕಿತ್ತು.

ಇನ್ನೊಂದು ವಿಷಯ. ರಾಧಾಮಣಿ ನನಗೆ ಬಡಿಸಿ ಆಮೇಲೆ ಅಡುಗೆಮನೆಯಲ್ಲಿ ಒಬ್ಬಳೇ ಕೂತು ಉಣ್ಣುತ್ತಾಳೆ. ಬಾಗಿಲು ಅರ್ಧ ಮುಚ್ಚಿರುತ್ತದೆ. ಅವಳಿಗೆ ಅಂತಲೇ ಉಪ್ಪು ಹಾಕಿದ ಸಾರಿನ ಬೇರೆ ಪಾತ್ರೆ ಇದೆ ಎಂದು ನನಗೆ ಗುಮಾನಿ. ಅವಳು ಸ್ನಾನಕ್ಕೆ ಹೋದಾಗ ಎಲ್ಲ ಮುಚ್ಚಳ ತೆಗೆದು ನೋಡಿದೆ. ಫ್ರಿಜ್ಜಿನ ಮೂಲೆಯಲ್ಲಿ ಒಂದು ಪಾತ್ರೆ ಬಚ್ಚಿಟ್ಟಿದ್ದಳು. ಇಡ್ಲಿ ಹಿಟ್ಟು. ಆದರೂ ಬಿಡುವವನಲ್ಲ ನಾನು.

ಜನವರಿ ೧೫, ಗುರುವಾರ, ಸಂಕ್ರಾಂತಿ

ಅವರೆಕಾಯಿ ಕಾಲ. ಬೀದಿಗೆ ಬೀದಿಯೇ ಹಿತಕಿದ ಬೇಳೆ ಸಾರಿನ ವಾಸನೆ. ನಮ್ಮ ಮನೆಯದು ಮಾತ್ರ ವಾಸನೆಗೆ ಅಷ್ಟೇ.

ಮದುವೆಯ ಮಾತುಕತೆ ಇದೆ ಎಂದು ಹೇಳಿ ಎರಡು ಮನೆ ಆಚೆಯ ಯೋಗಾನಂದನ ಮನೆಗೆ ಹೋದೆ. ಪಾಪ ವನಿತಾ, ದೊಡ್ಡಪ್ಪ ಬಂದರೆಂದು ಬಡಿಸಿದಳು. ಉಪ್ಪಿನಕಾಯಿಯ ಜಾಡಿಯನ್ನೂ ಮುಂದಿಟ್ಟಳು. ನನ್ನ ಕಣ್ಣಲ್ಲಿ ನೀರು ಬಂತು. ಮದುವೆ ಹತ್ತಿರ ಬಂತಲ್ಲ ಅಂತ ದುಃಖವಾ ದೊಡ್ಡಪ್ಪ ಎಂದಳು. ಹೌದಮ್ಮ ಎಂದೆ.

ಮಾತುಕತೆ ಮುಗಿದಿಲ್ಲ. ನಾಳೆಯೂ ಹೋಗಬೇಕು.

ಜನವರಿ ೧೯, ಸೋಮವಾರ

ತೂಕದ ಯಂತ್ರ ಕಿಟಕಿಯ ಪಕ್ಕದಲ್ಲಿದೆ. ಮೇಲೆ ನಿಂತು ಕಿಟಕಿಯ ಸರಳನ್ನು ಮೆಲ್ಲಗೆ ಹಿಡಿದುಕೊಂಡರೆ ತೂಕ ಇಳಿಯುತ್ತದೆ. ಮೂರು ದಿನದಿಂದ ಈ ಚಿಕಿತ್ಸೆ ನಡೆಸಿದ್ದೇನೆ. ಇವತ್ತು ಸ್ವಲ್ಪ ಜಾಸ್ತಿ ಜೋತುಬಿದ್ದೆನೋ ಏನೋ, ವನಿತಾಳಿಗಿಂತ ಕಡಿಮೆ ತೂಗಿದೆ. ರಾಧಾಮಣಿ ಕ್ಯಾಲೆಂಡರು ನೋಡಿದಳು, ನನ್ನ ಕಾಲು ನೋಡಿದಳು. ಚಪ್ಪಲಿಯ ಪಟ್ಟಿ ಪಾದದಲ್ಲಿ ಅಚ್ಚೊತ್ತಿತ್ತು. ಬಿಸಿಲಿಗೆ ಹೀಗಾಗುತ್ತದೆ ಎಂದೆ. ಹೊರಗೆ ಮಂಜು ಬಿದ್ದಿತ್ತು.

ಮಲಗಿದರೆ ಕೆಮ್ಮು. ಮೂರು ದಿಂಬು ಇಟ್ಟುಕೊಂಡಿದ್ದೇನೆ. ಶೀತ ಇರಬೇಕು.

ಜನವರಿ ೨೨, ಗುರುವಾರ

ಆಸ್ಪತ್ರೆ. ಬರೆಯಲು ಉಸಿರಿಲ್ಲ.

ಜನವರಿ ೨೮, ಬುಧವಾರ

ಮನೆಗೆ ಬಂದೆ. ಈ ಸಲ ಬರುತ್ತೇನೆಂದು ನನಗೇ ನಂಬಿಕೆ ಇರಲಿಲ್ಲ.

ಒಣ ಹಾಸಿಗೆಯ ಮೇಲೆ ಕೂತು ಮುಳುಗುತ್ತಿದ್ದೆ. ಬಾಯಿ ತೆರೆದರೂ ಗಾಳಿ ಒಳಗೆ ಹೋಗುತ್ತಿರಲಿಲ್ಲ. ಆಂಬ್ಯುಲೆನ್ಸಿನಲ್ಲಿ ರಾಧಾಮಣಿ ಎದುರು ಕೂತಿದ್ದಳು, ಬರಿಗಾಲಲ್ಲಿ. ಮಡಿಲಲ್ಲಿ ನನ್ನ ಚಪ್ಪಲಿ ಇಟ್ಟುಕೊಂಡಿದ್ದಳು. ತನ್ನದನ್ನು ಹಾಕಿಕೊಳ್ಳುವುದು ಮರೆತು, ವಾಪಸು ಬರುವಾಗ ನನಗೆ ಬೇಕಾಗುತ್ತದೆಂದು ನನ್ನದನ್ನು ತಂದಿದ್ದಳು. ನನಗೆ ಭಯವಾಯಿತು. ಸಾಯುವ ಭಯ ಎಂದರೆ ಇದೇ ಎಂದು ಗೊತ್ತಾಯಿತು.

ಲುಬ್ನಾ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಸರ್, ನನ್ನ ಹತ್ತಿರ ಇರೋ ಔಷಧಿ ಎಲ್ಲಾ ಕೊಟ್ಟಿದ್ದೇನೆ, ಉಳಿದದ್ದು ನಿಮ್ಮ ಕೈಯಲ್ಲಿದೆ ಎಂದಳು. ವನಿತಾ ಬಾಗಿಲ ಬಳಿ ನಿಂತು ಬಿಕ್ಕಿ ಬಿಕ್ಕಿ ಅಳುತ್ತಿದ್ದಳು, ಬಡಿಸಿದವಳು ತಾನೇ ಎಂದು.

ಮನೆಗೆ ಬಂದವನೇ ನನ್ನ ಸ್ಕೂಲಿನ ವಿಷಲ್ಲನ್ನು ಪೆಟ್ಟಿಗೆಯಿಂದ ತೆಗೆದು ರಾಧಾಮಣಿಗೆ ಕೊಟ್ಟೆ. ನಾನು ಉಪ್ಪಿನ ಕಡೆ ಹೋದರೆ ಊದು ಎಂದೆ. ತಮಾಷೆಗೆ ಹೇಳಿದ್ದು. ಅವಳು ಕೊರಳಿಗೆ ಹಾಕಿಕೊಂಡಳು.

ಫೆಬ್ರವರಿ ೨, ಸೋಮವಾರ

ಇವಳು ಊದುತ್ತಲೇ ಇದ್ದಾಳೆ. ನಾನು ನೀರಿನ ಲೋಟ ಹುಡುಕುತ್ತಾ ಅಡುಗೆಮನೆ ಹೊಸ್ತಿಲು ದಾಟಿದರೂ ಪೀ ಎಂದು ಊದುತ್ತಾಳೆ. ನಮ್ಮ ಬೀದಿಯಲ್ಲಿ ಕಸದ ಗಾಡಿಯವನೂ ವಿಷಲ್ ಊದುವವನೇ. ಹೀಗಾಗಿ ನಾನು ಡಬ್ಬಿ ಮುಟ್ಟಿದಾಗಲೆಲ್ಲ ಎದುರು ಮನೆಯವರು ಕಸದ ಬಕೆಟ್ ಹಿಡಿದು ಗೇಟಿಗೆ ಓಡಿ ಬರುತ್ತಾರೆ. ಇವತ್ತು ಮೂರನೇ ಸಲ ಬಂದು, ಮೇಷ್ಟ್ರೇ, ನೀವೊಂದು ಟೈಮ್ ಇಟ್ಕೊಳ್ಳಿ ಎಂದರು.

ಫೆಬ್ರವರಿ ೧೦, ಮಂಗಳವಾರ

ಕೆರೆ ಏರಿಯ ತನಕ ನಡೆದು ಬಂದೆ. ಹಿಂದೆ ರಾಧಾಮಣಿ, ಅವಳ ಕೊರಳಲ್ಲಿ ವಿಷಲ್. ನಾನು ಸ್ಕೂಲು ಮಕ್ಕಳನ್ನು ಹೀಗೆಯೇ ಓಡಿಸುತ್ತಿದ್ದೆ, ಪಾಪದ ಮಕ್ಕಳು.

ಬೇಕರಿಯಲ್ಲಿ ಯಾರೋ ಖಾರದ ಬಿಸ್ಕತ್ತು ತಿನ್ನುತ್ತಿದ್ದರು. ರಾಧಾಮಣಿಯೇ ಕರುಣೆಯಿಂದ ಒಂದು ಕೊಂಡು, ಚೂರು ಮುರಿದು ಕೊಟ್ಟಳು. ಥೂ, ಬರೀ ಉಪ್ಪು. ಬೇಕರಿಯವನು ಅಡುಗೆಯವನನ್ನು ಬದಲಾಯಿಸಿರಬೇಕು. ಮೊದಲು ಎಷ್ಟು ಹದವಾಗಿರುತ್ತಿತ್ತು. ಅವನಿಗೆ ಹೇಳಿಯೇ ಬಂದೆ. ಇಪ್ಪತ್ತು ವರ್ಷದಿಂದ ನಾನೇ ಮಾಡ್ತಿರೋದು ಸಾರ್ ಎಂದು ಸುಳ್ಳು ಬೇರೆ ಹೇಳಿದ.

ಮಧ್ಯಾಹ್ನದ ಸೊಪ್ಪಿನ ಸಾರು ಚೆನ್ನಾಗಿತ್ತು. ಇವಳು ಕದ್ದು ಉಪ್ಪು ಹಾಕುತ್ತಿದ್ದಾಳೋ ಏನೋ. ಕೇಳಿದರೆ ಇಲ್ಲ ಎನ್ನುತ್ತಾಳೆ. ತನ್ನ ಪಾತ್ರೆಯಿಂದ ಒಂದು ಸೌಟು ಬೆರೆಸಿರಬಹುದು.

ಫೆಬ್ರವರಿ ೨೦, ಶುಕ್ರವಾರ

ರಂಜಾನ್ ಶುರುವಾಗಿದೆ. ಖುದ್ದೂಸ್ ಖರ್ಜೂರ ತಂದಿದ್ದ. ನಾನು ಇಳಿದುಹೋಗಿರುವುದನ್ನು ಮೇಲಿಂದ ಕೆಳಗೆ ನೋಡಿದ. ಮೇಷ್ಟ್ರೇ, ಆಗಲ್ಲ ಅಂದ್ರೆ ಬೇಡ, ಬೇರೆ ಯಾರಾದ್ರೂ ನೋಡ್ತಾರೆ ಎಂದ. ಯಾರು ನೋಡುತ್ತಾರೆ? ಯೋಗಾನಂದನೇ? ಅವನಿಗೆ ಟೂತ್‌ಪೇಸ್ಟಿಗೂ ಚಟ್ನಿಗೂ ವ್ಯತ್ಯಾಸ ತಿಳಿಯದು. ವನಿತಾಳ ಊಟ ಅದು, ಅವಳ ಬೀಗರ ಮುಂದೆ ನಮ್ಮ ಮನೆಯ ಮಾನ. ಬಂದೇ ಬರುತ್ತೇನೆ ಎಂದೆ. ಒಳಗಿನಿಂದ ವಿಷಲ್ ಕೇಳಿಸಿತು.

ಎದುರು ಮನೆಯವರು ಬಕೆಟ್ ತಂದರು.

ಮಾರ್ಚ್ ೩, ಮಂಗಳವಾರ

ಲುಬ್ನಾ ನನ್ನನ್ನು ಆಸ್ಪತ್ರೆಯ ಪಡಸಾಲೆಯಲ್ಲಿ ಆ ತುದಿಯಿಂದ ಈ ತುದಿಗೆ ನಡೆಸಿದಳು, ಕೈಯಲ್ಲಿ ಸ್ಟಾಪ್‌ವಾಚ್ ಹಿಡಿದು. ಸೇಡು ತೀರಿತೇನಮ್ಮ ಎಂದೆ. ಇನ್ನೂ ಎರಡು ರೌಂಡ್ ಇದೆ ಸರ್ ಎಂದಳು. ಕಾಲಿನ ಊತವಿಲ್ಲ, ಎದೆಯಲ್ಲಿ ನೀರಿನ ಸದ್ದಿಲ್ಲ, ಮೂರು ದಿಂಬು ಒಂದಕ್ಕೆ ಬಂದಿದೆ. ಬೀಗರೂಟದ ವಿಷಯ ತೆಗೆದೆ. ತುಂಬಾ ಯೋಚಿಸಿ, ಒಂದೊಂದು ಹಂಡೆಯಿಂದ ಒಂದೇ ಚಮಚ ಬಾಯಿಗೆ ಹಾಕಿ, ರುಚಿ ನೋಡಿ, ಉಗಿದುಬಿಡಿ ಎಂದಳು. ರಾಧಾಮಣಿ ಪಕ್ಕದಲ್ಲೇ ನಿಂತಿರಬೇಕೆಂಬ ಷರತ್ತು.

ಒಂದು ಚಮಚ ಸಾಕು. ನನ್ನ ನಾಲಿಗೆಗೆ ಒಂದು ಹನಿ ಸಾಕು.

ಮಾರ್ಚ್ ೧೦, ಮಂಗಳವಾರ

ನಿನ್ನೆಯದನ್ನು ಬರೆಯಲೇಬೇಕು.

ಯೋಗಾನಂದನ ಮನೆ ಪಕ್ಕದ ಖಾಲಿ ಸೈಟಿನಲ್ಲಿ ಶಾಮಿಯಾನ ಹಾಕಿದ್ದರು. ನಾನೂರು ಜನಕ್ಕೆ ಅಡುಗೆ. ಖುದ್ದೂಸ್ ಬೆಳಗಿನ ಜಾವದಿಂದ ಒಲೆಗಳ ಮುಂದೆ ನಿಂತಿದ್ದ, ತುಟಿ ಒಣಗಿ ಬಿಳುಚಿತ್ತು. ನಾನು ಬಿಳಿ ಪಂಚೆ ಉಟ್ಟು ಹೋದೆ. ಎಲ್ಲರೂ ದಾರಿ ಬಿಟ್ಟರು. ಸೌಟಿನಿಂದ ಚಮಚಕ್ಕೆ, ಚಮಚದಿಂದ ನಾಲಿಗೆಗೆ. ಎರಡು ತಿಂಗಳ ಮೇಲೆ ಮಟನ್ ಸಾರು. ಅರೆಕ್ಷಣ ಸ್ವರ್ಗ. ಆಮೇಲೆ ಮುಖ ಕಿವಿಚಿ ಉಗಿದೆ. ಉಪ್ಪೋ ಉಪ್ಪು.

ಖುದ್ದೂಸ್ ಗಾಬರಿಯಾದ.

"ಯಾವಾಗ್ಲೂ ಹಾಕೋ ಅಷ್ಟೇ ಹಾಕಿದೀನಿ ಮೇಷ್ಟ್ರೇ."

"ನಾಲಿಗೆ ನಂದು ಕಣೋ. ಜಾಸ್ತಿ ಆಗಿದೆ ಅಂದ್ರೆ ಆಗಿದೆ."

"ನೀವ್ ಹೇಳಿದ್ಮೇಲೆ ಮುಗೀತು ಬಿಡಿ."

ಸಾರಿಗೆ ಬಿಸಿ ನೀರು ಸುರಿದರು, ಉಪ್ಪು ಹೀರಲಿ ಎಂದು ಆಲೂಗಡ್ಡೆ ಹಾಕಿದರು. ಬಿರಿಯಾನಿಯ ಅಕ್ಕಿ ಬೇಯುವ ನೀರನ್ನೂ ನೋಡಿದೆ. ಅದೂ ಕೈಮೀರಿತ್ತು. ಅರ್ಧ ಚೆಲ್ಲಿಸಿ ಹೊಸ ನೀರು ಹಾಕಿಸಿದೆ. ಮತ್ತೆ ನೋಡಿ, ಈಗ ಸರಿಯಾಯಿತು ಎಂದು ತಲೆಯಾಡಿಸಿದೆ. ನಾನು ಇಲ್ಲದಿದ್ದರೆ ಇವತ್ತು ಮಾನ ಹೋಗುತ್ತಿತ್ತು ಎಂದು ರಾಧಾಮಣಿಗೆ ಹೇಳಿದ್ದು ನೆನಪಿದೆ.

ಮೊದಲ ಪಂಕ್ತಿ ಕೂತಿತು. ಸ್ವಲ್ಪ ಹೊತ್ತಿಗೆ ಒಂದು ಕೈ ಮೇಲೆದ್ದಿತು, ಉಪ್ಪು ಎಂದರು. ಇನ್ನೊಂದು ಕೈ ಎದ್ದಿತು. ಆಮೇಲೆ ಇಡೀ ಪಂಕ್ತಿ ನನ್ನ ಡ್ರಿಲ್ ಕ್ಲಾಸಿನ ಹಾಗೆ ಕೈ ಎತ್ತಿ ಕೂತಿತ್ತು. ಬಡಿಸುವವರು ಉಪ್ಪಿನ ಬಟ್ಟಲು ಹಿಡಿದು ಓಡಿದರು, ಬಟ್ಟಲು ಬರಿದಾಯಿತು. ಯೋಗಾನಂದ ಸ್ಕೂಟರಿನಲ್ಲಿ ಅಂಗಡಿಗೆ ಹೋದ. ಗಂಡಿನ ತಂದೆ ಮುನಿವೆಂಕಟಯ್ಯ ಹೆಸರಘಟ್ಟ ಕಡೆಯ ದೊಡ್ಡ ಕುಳ. ಮುದ್ದೆಯನ್ನು ಸಾರಿಗೆ ಅದ್ದಿ ಬಾಯಿಗಿಟ್ಟವರು ನನ್ನನ್ನು ಕರೆದರು.

"ಏನ್ ಮೇಷ್ಟ್ರೇ, ಇಂಗೆ ಸಪ್ಪೆ ಊಟ ಆಕಿದ್ರೆ ನಮ್ಗೂ ನಿಮ್ಗೂ ಉಪ್ಪಿನ ಋಣ ಎಂಗೆ ಉಂಟಾಯ್ತದೆ?"

ವನಿತಾಳ ಮುಖ ಬಿಳುಚಿಹೋಯಿತು. ಅಷ್ಟರಲ್ಲಿ ಯೋಗಾನಂದ ಉಪ್ಪಿನ ಪ್ಯಾಕೆಟ್‌ಗಳೊಂದಿಗೆ ಬಂದು, ಎಲ್ಲರೆದುರು ಖುದ್ದೂಸನ ಮೇಲೆ ಕೂಗಾಡತೊಡಗಿದ. ಖುದ್ದೂಸ್ ತಲೆ ತಗ್ಗಿಸಿ ನಿಂತು ನನ್ನದೇ ತಪ್ಪು ಎಂದ. ಮೇಷ್ಟ್ರು ಹೇಳಿದರು ಎಂಬ ಒಂದು ಮಾತು ಅವನ ಬಾಯಿಂದ ಬರಲಿಲ್ಲ. ಹೊಟ್ಟೆಗೆ ಹನಿ ನೀರಿಲ್ಲದೆ ಬೆಂಕಿಯ ಮುಂದೆ ಬೆಂದವನು. ನನಗೆ ನಾಚಿಕೆಯಿಂದ ಮೈಯೆಲ್ಲ ಬಿಸಿಯಾಯಿತು.

ರಾಧಾಮಣಿಯ ಕೊರಳಿನಿಂದ ವಿಷಲ್ ಎಳೆದುಕೊಂಡು ಮೂವತ್ತು ಪರ್ಸೆಂಟ್ ಹೃದಯದಿಂದ ಎಷ್ಟು ಆಗುತ್ತದೋ ಅಷ್ಟು ಜೋರಾಗಿ ಊದಿದೆ. ನಾನೂರು ಜನ ಉಣ್ಣುವುದು ನಿಲ್ಲಿಸಿದರು. ಎದುರು ಮನೆಯವರು ಊಟಕ್ಕೆ ಬಂದು ಪಂಕ್ತಿಯಲ್ಲೇ ಕೂತಿದ್ದವರು, ಅಭ್ಯಾಸಬಲದಿಂದ ಎದ್ದು ನಿಂತರು.

"ಉಪ್ಪು ನೋಡಿದ್ದು ನಾನು. ಜಾಸ್ತಿ ಅಂದಿದ್ದೂ ನಾನೇ. ಖುದ್ದೂಸ್ ಉಪವಾಸ ಇದ್ದಾನೆ, ಅವನು ನನ್ನ ನಾಲಿಗೆ ನಂಬಿದ. ಆ ನಾಲಿಗೆ ಕೆಟ್ಟಿದೆ. ಬೈಯೋದಿದ್ರೆ ನನ್ನ ಬೈಯಿರಿ."

ಅಷ್ಟಕ್ಕೇ ಉಸಿರು ಕಟ್ಟಿತು. ಯಾರೋ ಕುರ್ಚಿ ತಂದರು. ಮುನಿವೆಂಕಟಯ್ಯ ನನ್ನನ್ನು ದುರುಗುಟ್ಟಿಕೊಂಡು ನೋಡಿದರು. ಆಮೇಲೆ ಯೋಗಾನಂದನ ಕೈಯಿಂದ ಒಂದು ಪ್ಯಾಕೆಟ್ ಕಿತ್ತುಕೊಂಡು ಹಲ್ಲಿನಿಂದ ಹರಿದು, ತಮ್ಮ ಎಲೆಗೆ ಸುರಿದುಕೊಂಡು, ಪಕ್ಕದವರಿಗೆ ದಾಟಿಸಿದರು. ಪ್ಯಾಕೆಟ್ ಪಂಕ್ತಿಯ ಉದ್ದಕ್ಕೂ ಹೋಯಿತು. ಇನ್ನೊಂದು ಮುದ್ದೆ ಆಕ್ರಪ್ಪ ಎಂದು ಅವರು ಕೇಳಿದ ಮೇಲೆ ವನಿತಾಳ ಮುಖಕ್ಕೆ ಬಣ್ಣ ಬಂತು. ನಾನು ಖುದ್ದೂಸನ ಕೈ ಹಿಡಿದುಕೊಂಡೆ. ನಾಲಿಗೆ ಕೆಟ್ಟಿಲ್ಲ ಮೇಷ್ಟ್ರೇ, ಇನ್ಮೇಲೆ ನೀವು ಮುಖ ಕಿವಿಚಿದ್ರೆ ಉಪ್ಪು ಸರಿ ಇದೆ ಅಂತ ಲೆಕ್ಕ ಹಾಕ್ಕೋತೀನಿ ಎಂದ.

ಸಂಜೆ ಮನೆಗೆ ಬಂದು ಜಗಲಿಯ ಮೇಲೆ ಕೂತೆವು. ಇನ್ನು ನನ್ನನ್ನು ಯಾರೂ ಕರೆಯುವುದಿಲ್ಲ ಎಂದು ಯೋಚಿಸುತ್ತಿದ್ದೆ. ರಾಧಾಮಣಿ ಕಾಲು ನೀವಿಕೊಳ್ಳುತ್ತಾ ತನ್ನಷ್ಟಕ್ಕೆ ಎಂಬಂತೆ ಹೇಳಿದಳು.

"ಊಟ ಚೆನ್ನಾಗೇ ಇತ್ತಪ್ಪ. ಅದ್ಯಾಕ್ ಎಲ್ರೂ ಅಷ್ಟ್ ಗಲಾಟೆ ಮಾಡಿದ್ರೋ."

ನನ್ನನ್ನು ಸಮಾಧಾನಪಡಿಸಲು ಹೇಳುತ್ತಿದ್ದಾಳೆ ಎಂದುಕೊಂಡೆ. ಮುಖ ನೋಡಿದರೆ ಹಾಗಿರಲಿಲ್ಲ. ಅವಳಿಗೆ ನಿಜವಾಗಿಯೂ ಅರ್ಥವಾಗಿರಲಿಲ್ಲ.

"ನಿನಗೆ ಸಪ್ಪೆ ಅನ್ನಿಸ್ಲಿಲ್ವಾ?"

"ಇಲ್ಲ. ಹದವಾಗಿತ್ತು."

"ಹಾಗಾದ್ರೆ ನಿನ್ನ ಪಾತ್ರೆ? ಉಪ್ಪು ಹಾಕಿ ನಿನಗೆ ಅಂತ ಬೇರೆ ಮಾಡ್ಕೋತೀಯಲ್ಲ, ಅದು?"

ಅವಳು ನನ್ನನ್ನು ಹುಚ್ಚನನ್ನು ನೋಡುವ ಹಾಗೆ ನೋಡಿದಳು.

"ನೆಂಟರು ಬಂದಾಗ ಸರಿ. ದಿನಾ ಎರಡೆರಡ್ ಪಾತ್ರೆ ತೊಳೆಯೋರ್ ಯಾರ್ರೀ?"

ಎದ್ದು ದೀಪ ಹಚ್ಚಲು ಒಳಗೆ ಹೋದಳು. ನಾನು ಅಲ್ಲೇ ಕೂತಿದ್ದೆ. ನಾನೂರು ಜನರಲ್ಲಿ ಆ ಊಟ ಹದವಾಗಿದೆ ಎಂದವರು ನಾವಿಬ್ಬರೇ. ಅವಳಿಗೆ ಯಾವ ಕಾಯಿಲೆಯೂ ಇಲ್ಲ, ಯಾವ ಡಾಕ್ಟರೂ ಉಪ್ಪು ಬಿಡು ಎಂದು ಹೇಳಿಲ್ಲ. ಅಳು ಬಂತು. ಅತ್ತುಬಿಟ್ಟೆ.

ಮಾರ್ಚ್ ೧೪, ಶನಿವಾರ

ತೂಕ ನಿನ್ನೆಯಷ್ಟೇ. ಸರಳು ಹಿಡಿದಿಲ್ಲ.

ಇವತ್ತು ನಾನೇ ಬಡಿಸುತ್ತೇನೆ ಎಂದು ರಾಧಾಮಣಿಯನ್ನು ಮೊದಲು ಕೂರಿಸಿದೆ. ಅವಳು ಮಜ್ಜಿಗೆ ತರಲು ಎದ್ದಾಗ ಅವಳ ಸಾರಿನ ಬಟ್ಟಲಿಗೆ ಚಿಟಿಕೆ ಉಪ್ಪು ಹಾಕಿ ಕಲಸಿಬಿಟ್ಟೆ. ಇಷ್ಟು ದಿನ ತಿನ್ನದೆ ಇದ್ದವಳು, ಇನ್ನಾದರೂ ತಿನ್ನಲಿ ಎಂದು. ಒಂದು ತುತ್ತು ಬಾಯಿಗಿಟ್ಟು ಮುಖ ಕಿವಿಚಿದಳು.

"ಏನ್ರೀ ಇದು, ಇಷ್ಟೊಂದು ಉಪ್ಪು?"

ಚಿಟಿಕೆ ಹಾಕಿದ್ದು ಅಷ್ಟಾಗಿರಲಾರದು ಎಂದು ನೋಡಲು ಅವಳ ಬಟ್ಟಲಿಗೆ ಬೆರಳು ಅದ್ದಿದೆ. ವಿಷಲ್ ಊದಿದಳು. ಎದುರು ಮನೆಯ ಗೇಟು ತೆರೆದ ಸದ್ದು ಕೇಳಿಸಿತು. ನಾನು ಬೆರಳು ನೆಕ್ಕಿಯೇ ಬಿಟ್ಟೆ.

ಅವಳು ಹೇಳಿದ್ದು ನಿಜ. ಜಾಸ್ತಿಯೇ ಆಗಿತ್ತು.